ಕೊನೆಯ ಪುಟದ ನಗು

ಬೆಳಿಗ್ಗೆ ಹಲ್ಲುಜ್ಜಿ ಬಾಯಿ ಮುಕ್ಕಳಿಸುವಾಗ ನೀರು ಎಡಗಡೆಯಿಂದ ತಾನಾಗಿಯೇ ಸೋರಿ ಸೀರೆಯೆಲ್ಲ ಒದ್ದೆಯಾಯಿತು. ನಿದ್ದೆಗಣ್ಣು ಅಂದುಕೊಂಡು ಇನ್ನೊಂದು ಸಲ ಮುಕ್ಕಳಿಸಿದೆ, ಮತ್ತೆ ಸೋರಿತು. ಕಾಫಿಯೂ ಹಾಗೇ ಆಯಿತು. ನಮ್ಮ ಮನೆಯವರು ಪೇಪರಿನಿಂದ ತಲೆಯೆತ್ತಿದವರು ನನ್ನನ್ನೇ ನೋಡುತ್ತ ಕುಳಿತುಬಿಟ್ಟರು.

"ಏನೇ ಅದು, ಬಾಯಿ ಯಾಕ್ ಹಂಗ್ ಮಾಡ್ಕಂಡಿದೀಯ?"

"ಏನ್ ಮಾಡ್ಕಂಡಿದೀನಿ?"

"ಹೋಗಿ ಕನ್ನಡಿ ನೋಡ್ಕ."

ಕನ್ನಡಿಗಾಗಿ ಹುಡುಕಬೇಕಿರಲಿಲ್ಲ. ನಾನು ಚಿತ್ರ ಬರೆಯುವ ಮೇಜಿನ ಮೇಲೆ ಒಂದು ಕನ್ನಡಿ ಸದಾ ಇರುತ್ತದೆ. ಮಕ್ಕಳ ಪುಸ್ತಕಗಳಿಗೆ ಕಥೆಯನ್ನೂ ನಾನೇ ಬರೆದು ಚಿತ್ರವನ್ನೂ ನಾನೇ ಹಾಕುವವಳು. ಅಜ್ಜಂಪುರದಲ್ಲಿ ಹುಡುಗಿಯಾಗಿದ್ದಾಗ ಮೇಷ್ಟ್ರುಗಳಿಗೆ ಪಾಠದ ಚಾರ್ಟು ಬರೆದುಕೊಡುತ್ತ ಶುರುವಾದ ಕೆಲಸ ಇದು. ಎಲೆಯ ಭಾಗಗಳು, ಹೃದಯದ ಕೋಣೆಗಳು, ತರೀಕೆರೆ ತಾಲ್ಲೂಕಿನ ನಕ್ಷೆ, ಇಂಥವು. ಮದುವೆಯಾಗಿ ಕಡೂರಿಗೆ ಬಂದ ಮೇಲೆ ಮಕ್ಕಳ ಪತ್ರಿಕೆಗೆ ಬರೆದೆ, ಆಮೇಲೆ ಪುಸ್ತಕಗಳಾದವು. ಯಾರ ಬಳಿಯೂ ಕಲಿತವಳಲ್ಲ. ಹಾಗಾಗಿ ನನ್ನದೇ ಒಂದು ಕ್ರಮ ಮಾಡಿಕೊಂಡಿದ್ದೆ. ಚಿತ್ರದ ಮಗು ಅಳಬೇಕಾದರೆ ಮೊದಲು ನಾನು ಕನ್ನಡಿಯ ಮುಂದೆ ಅಳುಮೋರೆ ಮಾಡುತ್ತೇನೆ. ಹುಬ್ಬು ಎಲ್ಲಿಗೆ ಹೋಯಿತು, ಕೆನ್ನೆ ಎಲ್ಲಿ ಮಡಿಚಿಕೊಂಡಿತು ಎಂದು ನೋಡಿಕೊಂಡು ಪೆನ್ಸಿಲ್ ಹಿಡಿಯುತ್ತೇನೆ. ಹೆದರಿದ ಮಗು, ಜಂಬದ ಮಗು, ಕದ್ದು ಬೆಲ್ಲ ತಿಂದ ಮಗು, ಎಲ್ಲವೂ ನನ್ನ ಮುಖದಿಂದಲೇ ಹೋದವು.

ಅವತ್ತು ಆ ಕನ್ನಡಿಯಲ್ಲಿ ಎಡಗಡೆಯ ಅರ್ಧ ಮುಖಕ್ಕೆ ಇಸ್ತ್ರಿ ಹಾಕಿದ ಹಾಗಿತ್ತು. ಹಣೆಯ ಗೆರೆಗಳು ಒಂದು ಕಡೆ ಮಾಯ. ಹುಬ್ಬೇರಿಸಿದರೆ ಬಲಗಡೆಯದು ಮಾತ್ರ ಏರಿತು. ಕಣ್ಣು ಮುಚ್ಚಿದರೆ ಎಡಗಣ್ಣು ಮುಚ್ಚದೆ ಬಿಳಿಗುಡ್ಡೆ ತೋರಿಸಿಕೊಂಡು ನಿಂತಿತ್ತು. ನಕ್ಕು ನೋಡಿದೆ. ಬಾಯಿ ಬಲಗಿವಿಯ ಕಡೆ ಎಳೆದುಕೊಂಡು ಹೋಯಿತು. ನನಗೆ ಭಯವಾಯಿತು, ಸುತ್ತಿ ಬಳಸಿ ಹೇಳುವುದೇನಿದೆ. ಅಲ್ಲೇ ಸ್ಟೂಲಿನ ಮೇಲೆ ಕುಳಿತೆ.

ಕಡೂರಿನ ಆಸ್ಪತ್ರೆಯಲ್ಲಿ ಜನವೋ ಜನ. ಬೆಂಚಿನ ಮೇಲೆ ನನ್ನ ಪಕ್ಕ ಕೂತ ಹೆಂಗಸು ಒಂದು ಸಲ ನನ್ನ ಮುಖ ನೋಡಿ, ಮಗುವನ್ನು ಆ ಕಡೆಯ ತೊಡೆಗೆ ಬದಲಾಯಿಸಿಕೊಂಡಳು. ಚೀಟಿ ಬರೆಯುವ ಹುಡುಗಿ ಹೆಸರು ಕೇಳಿದಳು. "ಪದ್ಮ" ಎಂದೆ. ತುಟಿ ಕೂಡದೆ ಗಾಳಿ ಸೋರಿ "ಹದ್ಮ" ಎಂದು ಬಂತು. ಇನ್ನೊಂದು ಸಲ ಹೇಳಿದೆ, ಇನ್ನೂ ಕೆಟ್ಟಿತು. ಅವಳು "ಹೇಮಾ ತಾನೇ?" ಎಂದು ಬರೆದುಕೊಂಡಳು. ತಿದ್ದಲು ನನಗೆ ಚೈತನ್ಯವಿರಲಿಲ್ಲ. ಹಳಗನ್ನಡದ ಪಾಲು ಹೊಸಗನ್ನಡದಲ್ಲಿ ಹಾಲಾಯಿತು ಎಂದು ಹೈಸ್ಕೂಲಿನಲ್ಲಿ ಓದಿದ್ದೆ. ಅದಕ್ಕೆ ನೂರಾರು ವರ್ಷ ಹಿಡಿಯಿತಂತೆ, ನನ್ನ ಬಾಯಲ್ಲಿ ರಾತ್ರಿ ಬೆಳಗಾಗುವುದರೊಳಗೆ ಆಗಿಹೋಗಿತ್ತು. ಬಹಳ ಹೊತ್ತಿನ ಮೇಲೆ "ಹೇಮಾ" ಎಂದು ಕೂಗಿದಾಗ ಎದ್ದು ಹೋದೆ. ಆ ಆಸ್ಪತ್ರೆಯಲ್ಲಿ ಇವತ್ತಿಗೂ ನಾನು ಹೇಮಾ.

ಡಾಕ್ಟರು ಕೈ ಎತ್ತಿಸಿದರು, ನಡೆಸಿದರು, ಹುಬ್ಬೇರಿಸಲು ಹೇಳಿದರು. "ಇದು ಸ್ಟ್ರೋಕ್ ಅಲ್ಲ. ಮುಖದ ನರ ಒಂದು ಊದಿಕೊಂಡಿದೆ. ಕೈಕಾಲಿಗೆ ಏನೂ ಆಗಿಲ್ಲ, ಆಗೋದೂ ಇಲ್ಲ. ಬೇಗ ಬಂದಿದ್ದು ಒಳ್ಳೇದಾಯ್ತು" ಎಂದರು.

ನಮ್ಮ ಮನೆಯವರದು ಸುಟ್ಟ ಮೋಟಾರಿಗೆ ಹೊಸ ತಂತಿ ಸುತ್ತಿಕೊಡುವ ರಿವೈಂಡಿಂಗ್ ಅಂಗಡಿ. ಸುತ್ತಲಿನ ಊರುಗಳ ಬೋರ್‌ವೆಲ್ ಮೋಟಾರುಗಳೆಲ್ಲ ಅವರ ಮುಂದೆ ಹೊಟ್ಟೆ ಬಿಚ್ಚಿಕೊಂಡು ಮಲಗುತ್ತವೆ. ಅವರು ಕೇಳಿದರು, "ಸಾರ್, ಕಾಯಿಲ್ ಸುಟ್ಟೋಗೈತಾ, ಇಲ್ಲ ಬರೀ ಬಿಸಿಯಾಗಿರೋದಾ?"

"ಬಿಸಿಯಾಗಿದೆ ಅಷ್ಟೆ ಕಣ್ರೀ. ತಣ್ಣಗಾಗೋಕೆ ಮಾತ್ರೆ ಕೊಟ್ಟಿದೀನಿ."

"ಹಂಗಾದ್ರೆ ಬರುತ್ತೆ ಬಿಡಿ" ಎಂದರು ಇವರು. ದಾರಿಯಲ್ಲಿ ನನಗೂ ಅದನ್ನೇ ಹೇಳಿದರು. ಅವರಿಗೆ ಧೈರ್ಯ ಬಂದಿತ್ತು, ನನಗೆ ಬಂದಿರಲಿಲ್ಲ. ಏಕೆಂದರೆ ನನ್ನ ಮೇಜಿನ ಮೇಲೆ ಮುಗಿಯದ ಪುಸ್ತಕವೊಂದು ಬಿದ್ದಿತ್ತು, ಅದು ಬರೀ ಮುಖಗಳ ಪುಸ್ತಕ.

ಎಮ್ಮೆದೊಡ್ಡಿ ಕಾವಲಿನ ಹುಲ್ಲುಮೈದಾನದಲ್ಲಿ ಅಮೃತಮಹಲ್ ದನಗಳನ್ನು ನೋಡಿಬಂದ ಮೇಲೆ ಬರೆದ ಕಥೆ ಅದು. ಆ ದನಗಳು ಹೊಸಬರನ್ನು ಕಂಡರೆ ಹತ್ತಿರ ಸುಳಿಯುವುದಿಲ್ಲ. ಕಥೆಯ ಹುಡುಗಿ ಒಂದು ಕರುವನ್ನು ಕರೆಯುತ್ತಾಳೆ. ಗದರಿಸುತ್ತಾಳೆ, ಗೋಗರೆಯುತ್ತಾಳೆ, ಮುನಿಸಿಕೊಳ್ಳುತ್ತಾಳೆ, ಅಳುತ್ತಾಳೆ. ಕರು ಬರುವುದಿಲ್ಲ. ಕೊನೆಗೆ ಸಾಕಾಗಿ ಅಲ್ಲೇ ಕುಳಿತು ತನ್ನ ಪೆದ್ದುತನಕ್ಕೆ ತಾನೇ ನಗುತ್ತಾಳೆ, ಆಗ ಕರು ಬಂದು ಮೂಸುತ್ತದೆ. ಪುಟಕ್ಕೊಂದು ಮುಖ. ಗದರುವುದು, ಗೋಗರೆಯುವುದು, ಅಳುವುದು ಎಲ್ಲ ಮುಗಿದಿತ್ತು. ಕೊನೆಯ ಪುಟದ ನಗು ಮಾತ್ರ ಉಳಿದಿತ್ತು, ಆ ನಗು ಸರಿಯಾಗಿ ಬರದಿದ್ದರೆ ಕರು ಬರುವುದಕ್ಕೆ ಅರ್ಥವೇ ಇಲ್ಲ.

ಅಷ್ಟರಲ್ಲಿ ಊರಲ್ಲಿ ಸುದ್ದಿಯಾಯಿತು. "ಚಿತ್ರ ಬರೆಯೋ ಪದ್ಮಕ್ಕಂಗೆ ಲಕ್ವ ಹೊಡೀತಂತೆ." ನಮ್ಮ ಕಡೆ ಲಕ್ವ ಎಂದರೆ ಒಂದು ಕಡೆಯ ಕೈಕಾಲು ಬಿದ್ದುಹೋಗಿ ಹಾಸಿಗೆ ಹಿಡಿಯುವುದು. ಆ ಮಾತು ಕೇಳಿದವರು ನನ್ನನ್ನು ನೋಡಲು ಬರುವಾಗ ಎಳನೀರು ತಂದರು, ಮಲಗಿಲ್ಲದೆ ನಾನೇ ಬಾಗಿಲು ತೆಗೆದದ್ದು ನೋಡಿ ಗಲಿಬಿಲಿಯಾದರು. ಕೆಲವರಿಗೆ ಸ್ವಲ್ಪ ನಿರಾಶೆಯೂ ಆಗಿರಬೇಕು. ಪ್ರತಿಯೊಬ್ಬರಿಗೂ ಹೀಗೇ ಆಗಿದ್ದ ಒಬ್ಬ ನೆಂಟರಿದ್ದರು. ಆ ನೆಂಟರ ಕಥೆಗಳನ್ನು ಕೇಳುತ್ತ, ಒದ್ದೆಯಾಗುವ ಎಡಗಣ್ಣನ್ನು ಸೆರಗಿನಿಂದ ಒತ್ತಿಕೊಳ್ಳುತ್ತ ನಾನು ಕೂತಿರುತ್ತಿದ್ದೆ. ಅವರು ಅದನ್ನು ಅಳು ಎಂದುಕೊಂಡು ಇನ್ನಷ್ಟು ಸಮಾಧಾನ ಹೇಳುತ್ತಿದ್ದರು. ಕಾಯಿಲೆಗಿಂತ ಈ ಸಮಾಧಾನದಿಂದಲೇ ನಾನು ಹೆಚ್ಚು ದಣಿದೆ.

ಗೋಡೆಯಾಚೆಯ ಮನೆಯ ನಸೀಮಕ್ಕ ಉರ್ದು ಶಾಲೆಯಲ್ಲಿ ಟೀಚರಾಗಿದ್ದು ರಿಟೈರ್ ಆದವರು. ಅವರು ಬಂದು ಮುಖವನ್ನು ಗಲ್ಲ ಹಿಡಿದು ತಿರುಗಿಸಿ ನೋಡಿದರು.

"ಎಲ್ಲಾರೂ ಲಕ್ವ ಲಕ್ವ ಅಂತ ಹೆದರ್ಸಿಬಿಟ್ಟಿದಾರೆ ನಿನ್ನ. ನಮ್ಮ ಮನೆ ಮಾತಲ್ಲಿ ಲಕ್ವಾ ಅಂದ್ರೆ ಬರೀ ಇದೇ ಕಣಮ್ಮ, ಬಾಯಿ ಸೊಟ್ಟ ಆಗೋದು. ಕೈಕಾಲು ಬಿದ್ರೆ ಅದಕ್ಕೆ ಫಾಲಿಜ್ ಅಂತೀವಿ. ನಿಮ್ಮೋರು ನಮ್ಮಿಂದ ಒಂದು ಮಾತು ಇಸ್ಕಂಡು ಎರಡಕ್ಕೂ ಅದನ್ನೇ ಹಚ್ಚಿದೀರ."

"ಹಾಗಾದ್ರೆ ನಂಗೆ ಆಗಿರೋದು ಲಕ್ವಾನೇ ಅಂತೀರ?"

"ಹೂಂ, ನಿಮ್ ಲಕ್ವ ಅಲ್ಲ, ನಮ್ ಲಕ್ವ. ನಮ್ಮಮ್ಮಂಗೂ ಆಗಿತ್ತು. ಆಮೇಲೂ ಮನೆಯೋರನ್ನೆಲ್ಲ ಬೈಕಂಡು ಚೆನ್ನಾಗಿದ್ರು."

ಡಾಕ್ಟರು ಹೇಳಿದ್ದೂ ಅದೇ, ಆದರೆ ನನ್ನ ಮೈಗೆ ಹತ್ತಿದ್ದು ಇವರ ಮಾತು. ಅವತ್ತಿನಿಂದ ಯಾರಾದರೂ ಲಕ್ವ ಎಂದಾಗ ಮನಸ್ಸಿನಲ್ಲೇ "ನಸೀಮಕ್ಕನ ಲಕ್ವ" ಎಂದು ತಿದ್ದಿಕೊಳ್ಳುತ್ತಿದ್ದೆ.

ನನ್ನ ಅಕ್ಕ ಸರೋಜಕ್ಕನಿಗೆ ಈ ವ್ಯತ್ಯಾಸ ತಲುಪಲಿಲ್ಲ. ಅವಳು ಅಜ್ಜಂಪುರದಿಂದ ಬಸ್ಸಿನಲ್ಲಿ ಬುಟ್ಟಿ ಹಿಡಿದು ಬಂದಳು, ಬುಟ್ಟಿಯಲ್ಲಿ ಕಾಲು ಕಟ್ಟಿದ ಒಂದು ಪಾರಿವಾಳ. ಲಕ್ವಕ್ಕೆ ಪಾರಿವಾಳದ ಬಿಸಿ ರಕ್ತ ಉಜ್ಜಿದರೆ ವಾಸಿಯಾಗುತ್ತದೆ ಎಂದು ಯಾರೋ ಹೇಳಿದ್ದರಂತೆ.

"ಕುಯ್ಯೋದು ಯಾರೇ?" ಎಂದೆ.

"ನಿಮ್ಮೆಜಮಾನ್ರು."

"ಅವ್ರು ಸೊಳ್ಳೆ ಹೊಡ್ಯೋಕೂ ಎದ್ದು ಬರಲ್ಲ."

ಪಾರಿವಾಳ ಎರಡು ದಿನ ನಮ್ಮ ಅಡಿಗೆಮನೆಯ ಮೂಲೆಯಲ್ಲಿತ್ತು. ಬೇರೆ ಕೆಲಸ ಕೈಗೆ ಹತ್ತದೆ ಅದರ ಚಿತ್ರ ಬರೆದೆ. ಅದಕ್ಕೆ ಹುಬ್ಬಿಲ್ಲ, ಕೆನ್ನೆಯಿಲ್ಲ, ನಗಬೇಕಾದ ಅಗತ್ಯವಿಲ್ಲ. ಚಿತ್ರ ಚೆನ್ನಾಗಿಯೇ ಬಂತು. ಕೈ ಸರಿಯಿದೆ ಎಂಬುದು ಖಾತ್ರಿಯಾಗಿ ಇನ್ನೂ ಬೇಜಾರಾಯಿತು. ಸರೋಜಕ್ಕ ಮುನಿಸಿಕೊಂಡು ಪಾರಿವಾಳವನ್ನು ವಾಪಸ್ ತೆಗೆದುಕೊಂಡು ಹೋದಳು. "ನೀ ಯಾವತ್ತು ನಮ್ ಮಾತ್ ಕೇಳಿದೀಯ" ಎಂದು ಬಸ್ಸಿನ ಕಿಟಕಿಯಿಂದಲೂ ಹೇಳಿದಳು.

ತರೀಕೆರೆಯ ಮೇಷ್ಟ್ರುಗಳ ವಾಟ್ಸಾಪ್ ಗುಂಪಿನಲ್ಲಿ ಯಾರೋ ನನ್ನ ಫೋಟೋ ಹಾಕಿ ಕೈಮುಗಿದ ಚಿತ್ರಗಳನ್ನು ಸುರಿದಿದ್ದರು. ಬೇಗ ಗುಣಮುಖರಾಗಲಿ ಎಂದು ಎಲ್ಲರೂ ಬರೆದಿದ್ದರು. ಆ ಪದದಲ್ಲಿ ಮುಖ ಇರುವುದು ಅಲ್ಲಿಯವರೆಗೆ ನನ್ನ ಗಮನಕ್ಕೆ ಬಂದಿರಲಿಲ್ಲ. ಸುದ್ದಿ ಹೇಗೋ ಬೆಂಗಳೂರಿನ ಪ್ರಕಾಶಕರಿಗೂ ತಲುಪಿತು. ನನ್ನ ಪುಸ್ತಕ ನೋಡಿಕೊಳ್ಳುವ ಸಂಪಾದಕಿ ಅನುಷಾ ಫೋನ್ ಮಾಡಿದಳು. ಒಳ್ಳೆಯ ಹುಡುಗಿ, ನನ್ನ ಅರ್ಧದಷ್ಟು ವಯಸ್ಸು.

"ಮೇಡಂ, ಸ್ಟ್ರೋಕ್ ಅಂತ ಕೇಳಿದ್ವಿ. ನೀವೇನೂ ಟೆನ್ಷನ್ ತಗೋಬೇಡಿ. ಕೊನೇ ಪುಟ ಒಂದೇ ತಾನೇ ಬಾಕಿ. ಇಲ್ಲೊಬ್ರು ಆರ್ಟಿಸ್ಟ್ ಇದಾರೆ, ನಿಮ್ ಸ್ಟೈಲಲ್ಲೇ ಮಾಡಿಕೊಡ್ತಾರೆ."

ಸಹಾಯ ಮಾಡಲೆಂದೇ ಹೇಳಿದ್ದು. ನನಗೆ ಮೈ ಉರಿಯಿತು. ಬೇಡ ಎನ್ನಲು ಹೋದರೆ ಮೊದಲನೆಯ ಅಕ್ಷರವೇ ಬಾಯಿಂದ ಬರಲಿಲ್ಲ. "ಏಡ" ಎಂದೆ. ಅವಳು "ಹಲೋ, ಹಲೋ" ಎಂದಳು. ನಮ್ಮ ಮನೆಯವರಿಗೆ ಫೋನ್ ಕೊಟ್ಟೆ. "ಅವ್ಳೇ ಬರೀತಾಳಂತೆ ಕಣಮ್ಮ, ಸ್ವಲ್ಪ ಟೈಮ್ ಕೊಡಿ" ಎಂದರು. ಶಾಲೆ ಶುರುವಾಗುವ ಹೊತ್ತಿಗೆ ಪುಸ್ತಕ ಬರಬೇಕು, ಅದರೊಳಗೆ ಚಿತ್ರ ಸಿಕ್ಕಿದರೆ ಸರಿ, ಇಲ್ಲದಿದ್ದರೆ ಬೇರೆಯವರಿಂದ ಮಾಡಿಸುತ್ತೇವೆ ಎಂದು ಆ ಕಡೆಯಿಂದ ಅನುಷಾ ಹೇಳಿದಳು. ನ್ಯಾಯವಾದ ಮಾತೇ.

ವ್ಯಾಯಾಮಕ್ಕೆಂದು ಡಾಕ್ಟರು ತರೀಕೆರೆಯ ಫಿಸಿಯೋಥೆರಪಿಸ್ಟ್ ಒಬ್ಬರ ಹತ್ತಿರ ಕಳಿಸಿದರು. ಔಷಧಿ ಅಂಗಡಿಯ ಮೇಲೊಂದು ಸಣ್ಣ ಕೋಣೆ, ಮೊಣಕಾಲು ಹಿಡಿದುಕೊಂಡು ಕೂತ ಜನ. ಅಲ್ಲಿ ಮುಖ ಕೆಟ್ಟವಳು ನಾನೊಬ್ಬಳೇ. ಆ ಫಿಸಿಯೋಥೆರಪಿಸ್ಟ್ ನನ್ನನ್ನು ಕೂರಿಸಿ ಎದುರಿಗೆ ಇಟ್ಟದ್ದು ಏನನ್ನು? ಕನ್ನಡಿಯನ್ನು.

"ಹುಬ್ಬು ಎತ್ತಿ. ಮೂಗು ಮುರೀರಿ. ಈಗ ನಿಧಾನಕ್ಕೆ ನಗಿ. ಜೋರು ಬೇಡ, ಬಂದಷ್ಟೇ ಬರಲಿ."

ಇಷ್ಟು ವರ್ಷ ಮಾಡಿದ್ದು ಇದನ್ನೇ ಎಂದು ಆಕೆಗೆ ಹೇಳಲು ಹೋಗಲಿಲ್ಲ. ಹೊಟ್ಟೆಪಾಡಿನ ಕೆಲಸವೇ ಔಷಧಿಯಾಗಿ ವಾಪಸು ಬಂದಿತ್ತು, ಮಾಡಲು ಮಾತ್ರ ಬರುತ್ತಿರಲಿಲ್ಲ. ಬಾ ಎಂದರೆ ಎಡಗೆನ್ನೆ ಬರಲಿಲ್ಲ. ಗದರಿಸಿದೆ, ಗೋಗರೆದೆ. ಕಥೆಯಲ್ಲಿ ಇವೆಲ್ಲವನ್ನೂ ಆ ಹುಡುಗಿಯ ಕೈಲಿ ಎಷ್ಟು ಸಲೀಸಾಗಿ ಮಾಡಿಸಿದ್ದೆ.

ಈ ಕಾಯಿಲೆ ಬಂದವರಿಗೆ ನಾನು ಹೇಳಬಹುದಾದದ್ದು ಸ್ವಲ್ಪವೇ. ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂರಬೇಡಿ, ಮುಚ್ಚದ ಕಣ್ಣಿಗೆ ಗಾಳಿ ಉಪ್ಪುಖಾರ ಎರಚಿದ ಹಾಗಾಗುತ್ತದೆ. ಕಣ್ಣಿನ ಹನಿಯನ್ನು ಮರೆಯಬೇಡಿ. ಮಲಗುವಾಗ ರೆಪ್ಪೆಗೆ ಟೇಪು ಅಂಟಿಸಲು ಯಾರಾದರೂ ಇದ್ದರೆ ಅವರ ಕೈಲಿ ಅಂಟಿಸಿಕೊಳ್ಳಿ, ನೀವೇ ಅಂಟಿಸಿಕೊಂಡರೆ ಸೊಟ್ಟಗಾಗುತ್ತದೆ. ನಮ್ಮ ಮನೆಯವರು ತಾಮ್ರದ ಕೂದಲೆಳೆ ತಂತಿ ಸುತ್ತುವ ಬೆರಳಿನವರು. ಮೆಲ್ಲಗೆ ರೆಪ್ಪೆ ಇಳಿಸಿ, ಟೇಪು ಒತ್ತಿ, "ಆಯ್ತು, ಶಟರ್ ಹಾಕಿದೀನಿ" ಎನ್ನುತ್ತಿದ್ದರು. ದಿನದಲ್ಲಿ ನನಗೆ ನೆಮ್ಮದಿ ಎನಿಸುತ್ತಿದ್ದುದು ಅದೊಂದೇ.

ಅಂಥವರ ಮೇಲೆ ಒಂದು ಮಧ್ಯಾಹ್ನ ಕೂಗಾಡಿದೆ. ಊಟಕ್ಕೆ ಕೂತಿದ್ದೆವು. ಅನ್ನ ಎಡಗೆನ್ನೆಯೊಳಗೆ ಸೇರಿಕೊಂಡು ಬೆರಳು ಹಾಕಿ ತೆಗೆಯಬೇಕಾಗುತ್ತಿತ್ತು, ಸಾರು ಗಲ್ಲಕ್ಕೆ ಇಳಿಯುತ್ತಿತ್ತು. ತಲೆಯೆತ್ತಿ ನೋಡಿದರೆ ಎದುರಿಗೆ ಅವರು ಬಾಯಿ ಸೊಟ್ಟ ಮಾಡಿಕೊಂಡು, ಒಂದು ಕೆನ್ನೆ ಇಳಿಬಿಟ್ಟುಕೊಂಡು ನನ್ನನ್ನೇ ನೋಡುತ್ತಿದ್ದಾರೆ.

"ಅಣಕಿಸ್ತಿದೀರಾ ನನ್ನ?"

"ಏನಂದೆ?"

"ನನ್ ಥರ ಬಾಯಿ ಮಾಡ್ಕಂಡು ಕೂತಿದೀರಲ್ಲ, ನಾಚಿಕೆ ಆಗಲ್ವಾ?"

ಅವರು ಎಡಗೈಯಿಂದ ತಮ್ಮ ಬಾಯಿ ಮುಟ್ಟಿ ನೋಡಿಕೊಂಡರು. ಅದು ಹಾಗಾಗಿದ್ದು ಅವರಿಗೇ ಗೊತ್ತಿರಲಿಲ್ಲ. "ನಾನೆಲ್ಲಿ ಮಾಡ್ದೆ" ಎಂದವರು ಉಂಡು ಅಂಗಡಿಗೆ ಹೋದರು. ತಟ್ಟೆ ತೊಳೆಯುವಾಗ ನೆನಪಾಯಿತು, ಮಗುವಿಗೆ ತುತ್ತು ಕೊಡುವ ತಾಯಂದಿರು ತಾವೂ ಬಾಯಿ ತೆರೆಯುತ್ತಾರೆ. ಅದನ್ನು ಎಷ್ಟೋ ಪುಸ್ತಕಗಳಲ್ಲಿ ನಾನೇ ಬರೆದಿದ್ದೇನೆ. ಸಂಜೆ ಅವರು ಬಂದಾಗ ಉಪ್ಪಿಟ್ಟು ಮಾಡಿಟ್ಟಿದ್ದೆ.

ನಿಧಾನವಾಗಿ ಮುಖ ವಾಪಸು ಬರತೊಡಗಿತು. ಮೊದಲು ಹುಬ್ಬು ಮಿಸುಕಿತು. ಪ, ಬ, ಮ ಬಂದವು. ಕಣ್ಣು ಮುಚ್ಚಿತು. ನೋಡಿದವರು "ಪೂರ್ತಿ ಸರಿಹೋಯ್ತಲ್ಲ" ಎಂದರು. ಆಗಿರಲಿಲ್ಲ. ನರ ವಾಪಸು ಬೆಳೆಯುವಾಗ ದಾರಿ ತಪ್ಪಿತ್ತು. ನಕ್ಕಾಗಲೆಲ್ಲ ಎಡಗಣ್ಣು ತಾನಾಗಿಯೇ ಮುಚ್ಚಿಕೊಳ್ಳುತ್ತಿತ್ತು. ಮುಂಚೆ ನಕ್ಕಾಗ ಎಡಗೆನ್ನೆಯಲ್ಲಿ ಬೀಳುತ್ತಿದ್ದ ಗುಳಿಯಂತೂ ಹೋಗಿಯೇಬಿಟ್ಟಿತ್ತು. ಫಿಸಿಯೋಥೆರಪಿಸ್ಟ್ "ನರ ಬೇರೆ ಕಡೆ ಸೇರ್ಕೊಂಡಿದೆ. ಸ್ವಲ್ಪ ಕಮ್ಮಿ ಆಗಬಹುದು, ಪೂರ್ತಿ ಹೋಗುತ್ತೆ ಅಂತ ಹೇಳಕ್ಕಾಗಲ್ಲ" ಎಂದರು. ನಮ್ಮ ಮನೆಯವರು "ಬೇರೆ ಟರ್ಮಿನಲ್‌ಗೆ ವೈರ್ ಹೋಗೈತೆ" ಎಂದರು. ಇಬ್ಬರೂ ಹೇಳಿದ್ದು ಒಂದೇ.

ತರೀಕೆರೆಯಿಂದ ಬರುವಾಗ ಬೀರೂರಿನಲ್ಲಿ ಬಸ್ಸು ಬದಲಿಸಿದೆ, ಅದರಲ್ಲಿದ್ದ ಕೊಬ್ಬರಿ ವ್ಯಾಪಾರಿಯೊಬ್ಬರು ಚೀಲ ಸರಿಸಿ ನನಗೆ ಜಾಗ ಕೊಟ್ಟರು. ಉಪಕಾರಕ್ಕೆಂದು ನಕ್ಕೆ. ಎಡಗಣ್ಣು ಮುಚ್ಚಿ ತೆರೆಯಿತು. ಐವತ್ತು ದಾಟಿದ ಹೆಂಗಸು ನಡು ಬಸ್ಸಿನಲ್ಲಿ ಕಣ್ಣು ಹೊಡೆದಳೆಂದರೆ ಆ ಮನುಷ್ಯ ಏನು ಮಾಡಬೇಕು? ಕಡೂರು ಬರುವವರೆಗೂ ಚೀಲ ತಬ್ಬಿಕೊಂಡು ಕಿಟಕಿಯಾಚೆಯೇ ನೋಡುತ್ತಿದ್ದರು. ಆಮೇಲೆ ನಾನು ಹೊರಗಡೆ ನಗುವುದನ್ನೇ ಬಿಟ್ಟೆ. ನಗದೆ ಇರುವುದೂ ಒಂದು ದುಡಿಮೆ, ದಿನದ ಕೊನೆಗೆ ದವಡೆ ನೋಯುತ್ತದೆ.

ಶಾಲೆ ಶುರುವಾಗುವ ಕಾಲ ಹತ್ತಿರ ಬಂತು. ಕೊನೆಯ ಪುಟದಲ್ಲಿ ಹುಲ್ಲು ಬರೆದೆ, ಕರು ಬರೆದೆ, ಹುಡುಗಿಯ ಲಂಗದ ನೆರಿಗೆಯನ್ನೂ ಬರೆದೆ. ಮುಖದ ಜಾಗ ಖಾಲಿ. ಕನ್ನಡಿಯಲ್ಲಿ ನಕ್ಕರೆ ಕಾಣುತ್ತಿದ್ದುದು ನನ್ನ ನಗುವಲ್ಲ ಎನಿಸುತ್ತಿತ್ತು. ಹಳೆಯ ಪುಸ್ತಕಗಳನ್ನೆಲ್ಲ ತೆಗೆದು ಹರಡಿಕೊಂಡೆ, ಅವುಗಳಲ್ಲಿ ನಗುವ ಮಕ್ಕಳು ಬೇಕಾದಷ್ಟಿದ್ದರು. ಗಾಳಿಪಟದ ಹುಡುಗ, ಮಾವಿನಕಾಯಿ ಕದಿಯುವ ಹುಡುಗಿಯರು, ದೋಣಿಯ ಅಜ್ಜಿ. ಎಲ್ಲರಿಗೂ ಎಡಗೆನ್ನೆಯಲ್ಲಿ ಗುಳಿ. ಸರೋಜಕ್ಕ ಹಿಂದೊಮ್ಮೆ "ನಿನ್ ಪುಸ್ತಕದ ಮಕ್ಳೆಲ್ಲ ಒಂದೇ ತಾಯಿ ಮಕ್ಳ ಥರ ನಗ್ತವೆ" ಎಂದಾಗ ನನಗೆ ಕೋಪ ಬಂದಿತ್ತು. ನಿಜವನ್ನೇ ಹೇಳಿದ್ದಳು. ನನ್ನ ನಗು ಇನ್ನು ಅಲ್ಲಿ ಮಾತ್ರ ಉಳಿದಿತ್ತು. ಅದನ್ನೇ ನೋಡಿ ನಕಲು ಮಾಡಿದೆ, ಅಳಿಸಿದೆ, ಮತ್ತೆ ಮಾಡಿದೆ. ಹುಡುಗಿ ಹಲ್ಲು ತೋರಿಸಿದಳೇ ಹೊರತು ನಗಲಿಲ್ಲ. ಕಾಗದ ಸವೆದು ತೂತು ಬೀಳುವ ಹಾಗಾಯಿತು. ಅನುಷಾಳಿಗೆ ಫೋನ್ ಮಾಡಿ, ಆ ಇನ್ನೊಬ್ಬ ಆರ್ಟಿಸ್ಟ್ ಕೈಲೇ ಮಾಡಿಸಿಬಿಡಿ ಎಂದು ಹೇಳಲು ಫೋನ್ ಕೈಗೆತ್ತಿಕೊಂಡೆ.

ಅವತ್ತು ಭಾನುವಾರ, ಅಂಗಡಿ ರಜೆ. ನಮ್ಮ ಮನೆಯವರು ಬಾಗಿಲಲ್ಲಿ ನಿಂತಿದ್ದರು.

"ರೀ, ಇಲ್ ಬಂದು ಕೂತ್ಕಳಿ" ಎಂದೆ. "ನಾನು ಮುಂಚೆ ಹೆಂಗೆ ನಗ್ತಿದ್ದೆ ಅಂತ ಒಂದ್ಸಲ ಮಾಡಿ ತೋರ್ಸಿ."

ಕೂತರು. ಹಲ್ಲು ಬಿಟ್ಟರು. ಲೈಸೆನ್ಸಿನ ಫೋಟೋಗೆ ಕೂತವರ ಹಾಗಿತ್ತು.

"ಹಂಗಲ್ಲ. ಎರಡು ಕಣ್ಣೂ ಸಣ್ಣ ಆಗ್ತಿದ್ವಲ್ಲ, ಈ ಕೆನ್ನೇಲಿ ಗುಳಿ ಬೀಳ್ತಿತ್ತಲ್ಲ. ನೋಡಿದೀರಲ್ಲ ಇಷ್ಟ್ ವರ್ಷ?"

ಅವರು ಬಹಳ ಹೊತ್ತು ನನ್ನ ಮುಖ ನೋಡಿದರು. ಮೋಟಾರಿನ ಒಳಗೆ ನೋಡುವಾಗಿನ ನೋಟ ಅದು.

"ನೆನಪಿಲ್ಲ ಕಣೇ" ಎಂದರು.

"ಏನ್ ನೆನಪಿಲ್ಲ?"

"ಸುಳ್ಳು ಯಾಕ್ ಹೇಳ್ಲಿ. ನೀನ್ ನಗೋದು ಅಂದ್ರೆ ಈಗ ನನ್ ಕಣ್ಮುಂದೆ ಬರೋದು ಆ ಕಣ್ ಮುಚ್ಕಂಡು ನಗ್ತೀಯಲ್ಲ, ಅದೇ. ಮುಂಚೆ ಬೇರೆ ಥರ ಇತ್ತಾ?"

ನನಗೆ ಸಿಟ್ಟು ಬಂತು. ಇಷ್ಟು ವರ್ಷ ಒಂದೇ ಮನೆಯಲ್ಲಿದ್ದು, ನಾನು ದಿನವೂ ಅತ್ತು ಹುಡುಕುತ್ತಿದ್ದುದನ್ನು ಈ ಮನುಷ್ಯ ಸಲೀಸಾಗಿ ಮರೆತು ಕೂತಿದ್ದಾರೆ. ಬೈಯಬೇಕೆಂದು ಬಾಯಿ ತೆರೆದೆ. ಅವರು ನಿಜಕ್ಕೂ ಯೋಚನೆ ಮಾಡುತ್ತ, ಹಣೆ ಉಜ್ಜಿಕೊಳ್ಳುತ್ತ, ಪರೀಕ್ಷೆಯಲ್ಲಿ ಉತ್ತರ ಬರದ ಹುಡುಗನ ಹಾಗೆ ಕೂತಿದ್ದರು. ಅದನ್ನು ನೋಡಿ ನನಗೆ ತಡೆಯಲಾರದೆ ನಗು ಬಂತು. ಎಡಗಣ್ಣು ಮುಚ್ಚಿಕೊಂಡಿತು. ಮುಚ್ಚಿಕೊಳ್ಳಲಿ ಎಂದು ಬಿಟ್ಟೆ.

"ಹಾಂ, ಇದೇ" ಎಂದರು ಅವರು, ನಿಧಿ ಸಿಕ್ಕವರಂತೆ. "ಮುಂಚೆನೂ ಹಿಂಗೇ ನಗ್ತಿದ್ದೆ ಕಣೇ ನೀನು."

ಅಲ್ಲ ಎಂದು ವಾದಿಸಲು ನನಗೂ ಸಾಕಾಗಿತ್ತು. ಪೆನ್ಸಿಲ್ ತೆಗೆದುಕೊಂಡು, ಎಡಗಣ್ಣು ಮುಚ್ಚಿಕೊಂಡು ನಗುವ ಹುಡುಗಿಯನ್ನು ಬರೆದೆ.